ಬಂದರಿನ ಹಮಾಲ, ಬೆಳ್ಳಿತೆರೆಯ ಮಚಿಸ್ತೆ

1914ರ ಏಪ್ರಿಲ್ 18. ಉತ್ತರ ಇಟಲಿಯ ಟ್ಯೂರಿನ್ ನಗರದ ವಿತ್ತೋರಿಯೊ ಎಮಾನುಯೆಲೆ ರಂಗಮಂದಿರದಲ್ಲಿ ಅಂದು ಒಂದು ಹೊಸ ಸಿನಿಮಾ ತೆರೆಕಂಡಿತು. ಹೆಸರು ‘ಕಬೀರಿಯಾ’. ಮಾತಿಲ್ಲದ ಚಿತ್ರ. ಆದರೆ ತೆರೆಯ ಮುಂದೆ ದೊಡ್ಡ ವಾದ್ಯವೃಂದವಿತ್ತು, ಹಾಡುವ ಮೇಳವಿತ್ತು. ಪ್ರಚಾರದಲ್ಲಿ ಎಲ್ಲಕ್ಕಿಂತ ದೊಡ್ಡದಾಗಿ ಮೆರೆದ ಹೆಸರು ಗಬ್ರಿಯೆಲೆ ದನ್ನುಂತ್ಸಿಯೊ ಅವರದು. ಆ ಕಾಲದ ಇಟಲಿಯಲ್ಲಿ ಅವರಷ್ಟು ಪ್ರಸಿದ್ಧನಾದ ಕವಿ ಬೇರೊಬ್ಬನಿರಲಿಲ್ಲ. ಅವರಿಗಾಗಿಯೇ ಬಂದವರು ಬಹಳ ಮಂದಿ ಇದ್ದಿರಬೇಕು. ಆದರೆ ಆ ಚಿತ್ರದಿಂದ ಜನರ ಮನಸ್ಸಿನಲ್ಲಿ ಉಳಿದವನು ಕವಿಯೂ ಅಲ್ಲ, ಚಿತ್ರದ ನಾಯಕನೂ ಅಲ್ಲ. ನಾಯಕನ ಆಳಿನ ಪಾತ್ರ ಮಾಡಿದ ಒಬ್ಬ ಆಜಾನುಬಾಹು. ಅಲ್ಲಿಯವರೆಗೆ ಅವನು ನಾಟಕದಲ್ಲಾಗಲಿ ಸಿನಿಮಾದಲ್ಲಾಗಲಿ ಹೆಸರು ಮಾಡಿದವನಲ್ಲ. ಜಿನೋವಾ ಬಂದರಿನಲ್ಲಿ ಮೂಟೆ ಹೊರುತ್ತಿದ್ದ ಹಮಾಲ.

ಅವನ ಹೆಸರು ಬಾರ್ತೊಲೊಮೆಯೊ ಪಗಾನೊ. ಜಗತ್ತಿಗೆ ಅವನು ಮಚಿಸ್ತೆ. ಇಂದಿನ ಮಾತು ಅವನನ್ನು ಕುರಿತದ್ದು.

ಮೊದಲು ಆ ಕಾಲದ ಇಟಲಿಯ ಸಿನಿಮಾ ಹೇಗಿತ್ತೆಂದು ನೋಡೋಣ. ಹಾಲಿವುಡ್ಡು ಇನ್ನೂ ಕಣ್ಣುಬಿಡುತ್ತಿದ್ದ ಹೊತ್ತಿನಲ್ಲಿ ದೊಡ್ಡ ಚಿತ್ರಗಳನ್ನು ತೆಗೆದು ಜಗತ್ತಿಗೆ ಮಾರುತ್ತಿದ್ದ ದೇಶಗಳಲ್ಲಿ ಇಟಲಿಯೂ ಒಂದು. ರೋಮಿನಲ್ಲಿ ಚಿನೆಸ್ ಕಂಪನಿ ಇತ್ತು. ಟ್ಯೂರಿನ್‌ನಲ್ಲಿ ಅಂಬ್ರೋಸಿಯೊ ಮತ್ತು ಇತಾಲಾ ಫಿಲ್ಮ್ ಇದ್ದವು. 1913ರಲ್ಲಿ ಎನ್ರಿಕೊ ಗುವಾತ್ಸೋನಿ ತೆಗೆದ ‘ಕ್ವೊ ವಾಡಿಸ್’ ದೇಶವಿದೇಶಗಳಲ್ಲಿ ಭರ್ಜರಿಯಾಗಿ ಓಡಿತು. ಅದರಲ್ಲಿ ಉರ್ಸುಸ್ ಎಂಬ ಬಲಶಾಲಿ ಆಳಿನ ಪಾತ್ರವಿತ್ತು. ಅಖಾಡದಲ್ಲಿ ಗೂಳಿಯ ಜೊತೆ ಸೆಣಸಿ ತನ್ನ ಒಡತಿಯನ್ನು ಉಳಿಸುವವನು ಅವನು. ಅಂಥ ಒಬ್ಬ ಬಲಶಾಲಿ ಇದ್ದರೆ ಪ್ರೇಕ್ಷಕರು ಅವನ ಹಿಂದೆಯೇ ಹೋಗುತ್ತಾರೆ ಎಂಬುದು ಚಿತ್ರ ತೆಗೆಯುವವರಿಗೆ ಆಗಲೇ ಅರ್ಥವಾಗಿತ್ತು.

ಇತಾಲಾ ಫಿಲ್ಮ್‌ನ ಚುಕ್ಕಾಣಿ ಹಿಡಿದಿದ್ದವರು ಜೊವಾನ್ನಿ ಪಸ್ತ್ರೋನೆ. 1911ರಲ್ಲೇ ಟ್ರಾಯ್ ನಗರದ ಪತನದ ಕಥೆಯನ್ನು ಚಿತ್ರ ಮಾಡಿದ್ದವರು. ಈಗ ಅವರು ಕೈಗೆತ್ತಿಕೊಂಡದ್ದು ಅದಕ್ಕಿಂತ ಎಷ್ಟೋ ದೊಡ್ಡ ಕೆಲಸ. ಕ್ರಿಸ್ತಪೂರ್ವ ಮೂರನೆಯ ಶತಮಾನದಲ್ಲಿ ರೋಮಿಗೂ ಉತ್ತರ ಆಫ್ರಿಕಾದ ಕಾರ್ಥೇಜಿಗೂ ನಡೆದ ಯುದ್ಧ. ಅದರ ನಡುವೆ ಎಟ್ನಾ ಜ್ವಾಲಾಮುಖಿ ಸಿಡಿದಾಗ ಮನೆಯವರಿಂದ ಅಗಲಿ, ಕಡಲ್ಗಳ್ಳರ ಕೈಗೆ ಸಿಕ್ಕಿ, ಕಾರ್ಥೇಜಿನ ಸಂತೆಯಲ್ಲಿ ಮಾರಾಟವಾಗುವ ಪುಟ್ಟ ಹುಡುಗಿ ಕಬೀರಿಯಾ. ಆನೆಗಳೊಂದಿಗೆ ಆಲ್ಪ್ಸ್ ದಾಟುವ ಹ್ಯಾನಿಬಲ್, ಕನ್ನಡಿಗಳಿಂದ ಬಿಸಿಲು ಹಾಯಿಸಿ ರೋಮಿನ ಹಡಗುಗಳನ್ನು ಸುಡುವ ಆರ್ಕಿಮಿಡೀಸ್, ರಾಣಿ ಸೊಫೊನಿಸ್ಬಾ, ಎಲ್ಲರೂ ಇದರಲ್ಲಿ ಬರುತ್ತಾರೆ. ಪಸ್ತ್ರೋನೆ ತಮ್ಮ ಹೆಸರನ್ನು ಹಿಂದಿಟ್ಟು ದನ್ನುಂತ್ಸಿಯೊ ಅವರನ್ನು ಮುಂದೆ ಮಾಡಿದರು. ಕವಿ ಬರೆದುಕೊಟ್ಟದ್ದು ದೃಶ್ಯಗಳ ನಡುವೆ ತೋರಿಸುವ ಬರಹದ ಫಲಕಗಳನ್ನು. ಪಾತ್ರಗಳಿಗೆ ಹೆಸರಿಟ್ಟವರೂ ಅವರೇ. ‘ಮಚಿಸ್ತೆ’ ಎಂಬ ಹೆಸರು ಹುಟ್ಟಿದ್ದು ಹಾಗೆ. ಅದು ಹರ್ಕ್ಯುಲಿಸ್ ವೀರನ ಹಳೆಯ ಬಿರುದು ಎಂದು ಅವರು ಹೇಳಿದರು.

ಹೆಸರು ಸಿಕ್ಕಿತು. ಆ ಹೆಸರನ್ನು ಹೊರುವ ಮೈ ಬೇಕಿತ್ತು. ನಾಟಕದ ನಟರ ಪೈಕಿ ಅಂಥ ಕಟ್ಟುಮಸ್ತಾದ ದೇಹ ಸಿಗಲಿಲ್ಲ. ಹುಡುಕಾಟ ಜಿನೋವಾ ಬಂದರಿನವರೆಗೂ ಹೋಯಿತು. ಕಲ್ಲಿದ್ದಲು, ಗೋಧಿ, ಹತ್ತಿ ಹೊತ್ತ ಹಡಗುಗಳು ಬಂದು ನಿಲ್ಲುತ್ತಿದ್ದ ದೊಡ್ಡ ಬಂದರು ಅದು. ಪಗಾನೊ ಅಲ್ಲಿಗೆ ಹತ್ತಿರದ ಸಾಂತಿಲಾರಿಯೊ ಎಂಬ ಊರಿನವನು. 1878ರ ಸೆಪ್ಟೆಂಬರ್ 27ರಂದು ಹುಟ್ಟಿದವನು. ಕ್ಯಾಮೆರಾದ ಮುಂದೆ ಬಂದು ನಿಂತಾಗ ಅವನಿಗೆ ಸುಮಾರು ಮೂವತ್ತೈದು ವರ್ಷ. ಬಹಳ ನಟರು ಆ ವಯಸ್ಸಿಗೆ ಹತ್ತಾರು ಪಾತ್ರ ಮಾಡಿ ಮುಗಿಸಿರುತ್ತಾರೆ. ಇವನು ಅಲ್ಲಿಯವರೆಗೆ ಮಾಡಿದ್ದು ಮೈಮುರಿದು ದುಡಿಯುವ ಕೂಲಿ ಕೆಲಸ.

ಇಲ್ಲಿ ನನ್ನದೊಂದು ಅಭಿಪ್ರಾಯವನ್ನು ಮುಂದಿಡುತ್ತೇನೆ. ಪಗಾನೊನನ್ನು ಕುರಿತು ಬರೆದವರಲ್ಲಿ ಅನೇಕರು ಅವನ ತೋಳು, ಎದೆ, ಹೆಗಲುಗಳನ್ನು ಬಣ್ಣಿಸಿ ಸುಮ್ಮನಾಗುತ್ತಾರೆ. ನಟನೆ ಎಂದಾಗ ಅವನ ಹೆಸರು ಬರುವುದು ಕಡಿಮೆ. ಇದು ಅನ್ಯಾಯ ಎಂದು ನಾನು ನಂಬಿದ್ದೇನೆ. ವ್ಯಾಯಾಮಶಾಲೆಯಲ್ಲಿ ಬೆಳೆಸಿದ ಮೈಗೂ ದುಡಿದು ಬಂದ ಮೈಗೂ ವ್ಯತ್ಯಾಸವಿದೆ. ಮೊದಲನೆಯದು ನಿಂತು ತೋರಿಸಿಕೊಳ್ಳುತ್ತದೆ. ಎರಡನೆಯದಕ್ಕೆ ಭಾರ ಎಲ್ಲಿದೆ, ಅದನ್ನು ಎಲ್ಲಿ ಹಿಡಿದರೆ ಸುಲಭ, ಯಾವಾಗ ಮೊಣಕಾಲು ಬಗ್ಗಿಸಬೇಕು ಎಂಬುದು ಗೊತ್ತಿರುತ್ತದೆ. ಪಗಾನೊ ಮನುಷ್ಯರನ್ನು ಎತ್ತುವ ರೀತಿಯನ್ನು ಗಮನಿಸಬೇಕು. ಮುಖದಲ್ಲಿ ಹೆಚ್ಚಿನ ಪ್ರಯಾಸವಿಲ್ಲ, ಕೈಕಾಲಿನಲ್ಲಿ ಆಡಂಬರವಿಲ್ಲ. ಅಕ್ಕಪಕ್ಕದ ನಟರು ಕೈ ಮೇಲೆತ್ತಿ, ಕಣ್ಣರಳಿಸಿ, ಎದೆ ಬಡಿದುಕೊಂಡು ಅಭಿನಯಿಸುತ್ತಿರುವಾಗ ಇವನು ತನ್ನ ಪಾಡಿಗೆ ಕೆಲಸ ಮಾಡುತ್ತಿರುತ್ತಾನೆ. ನೂರು ವರ್ಷಗಳ ಮೇಲೆ ನೋಡುವ ನಮಗೆ ಆ ಚಿತ್ರದ ಬೇರೆಯವರು ಹಳಬರಾಗಿ ಕಾಣುತ್ತಾರೆ, ಅವನು ಮಾತ್ರ ನಮ್ಮ ಕಾಲದವನಂತೆ ಕಾಣುತ್ತಾನೆ.

ಎರಡು ದೃಶ್ಯಗಳನ್ನು ಹತ್ತಿರದಿಂದ ನೋಡೋಣ.

ಮೊದಲನೆಯದು ಮೊಲೋಕ್ ದೇವತೆಯ ಗುಡಿ. ಗುಡಿಯ ಒಳಗೆ ರೆಕ್ಕೆಯುಳ್ಳ ಭಾರಿ ವಿಗ್ರಹ ಕುಳಿತಿದೆ. ಅದರ ಎದೆಯಲ್ಲೊಂದು ಬಾಗಿಲು. ಬಾಗಿಲ ಒಳಗೆ ಧಗಧಗಿಸುವ ಕುಲುಮೆ. ಮಕ್ಕಳನ್ನು ಒಬ್ಬೊಬ್ಬರಾಗಿ ಅದರೊಳಕ್ಕೆ ನೂಕುತ್ತಿದ್ದಾರೆ. ಈ ಭಾಗಕ್ಕೆಂದೇ ಸಂಗೀತಗಾರ ಇಲ್ದೆಬ್ರಾಂದೊ ಪಿತ್ಸೆತ್ತಿ ‘ಬೆಂಕಿಯ ಸಿಂಫನಿ’ಯನ್ನು ರಚಿಸಿದ್ದರು. ಕಬೀರಿಯಾಳ ಸರದಿ ಬರುವ ಹೊತ್ತಿಗೆ ರೋಮಿನ ಗೂಢಚಾರ ಫುಲ್ವಿಯೊ ಮತ್ತು ಅವನ ಆಳು ಮಚಿಸ್ತೆ ಜನರ ನಡುವೆ ನುಸುಳಿ ಬಂದಿದ್ದಾರೆ. ಮಚಿಸ್ತೆ ಹುಡುಗಿಯನ್ನು ಪೂಜಾರಿಗಳ ಕೈಯಿಂದ ಕಸಿದುಕೊಂಡು ಗುಡಿಯ ಮಾಡಿನ ಮೇಲಕ್ಕೆ ಓಡುತ್ತಾನೆ. ಅಷ್ಟು ದೊಡ್ಡ ಸೆಟ್ಟು, ಅಷ್ಟು ಜನ, ಅಷ್ಟು ಹೊಗೆ. ಅವುಗಳ ನಡುವೆ ನಮ್ಮ ಕಣ್ಣು ಹಿಡಿದು ನಿಲ್ಲಿಸುವುದು ಆ ದೊಡ್ಡ ತೋಳುಗಳಲ್ಲಿರುವ ಚಿಕ್ಕ ಮಗು. ಆ ಮೊಲೋಕ್ ವಿಗ್ರಹ ಇಂದಿಗೂ ಉಳಿದಿದೆ. ಟ್ಯೂರಿನ್‌ನ ಮೋಲೆ ಅಂತೊನೆಲ್ಲಿಯಾನಾ ಕಟ್ಟಡದಲ್ಲಿರುವ ರಾಷ್ಟ್ರೀಯ ಸಿನಿಮಾ ಸಂಗ್ರಹಾಲಯದಲ್ಲಿ ಅದನ್ನು ನೋಡಬಹುದು.

ಎರಡನೆಯದು ಬೀಸುವ ಕಲ್ಲಿನ ದೃಶ್ಯ. ಬೆನ್ನಟ್ಟಿ ಬಂದ ಸೈನಿಕರಿಂದ ತಪ್ಪಿಸಿಕೊಳ್ಳಲು ಫುಲ್ವಿಯೊ ಎತ್ತರದಿಂದ ಸಮುದ್ರಕ್ಕೆ ಹಾರಿ ಪಾರಾಗುತ್ತಾನೆ. ಮಚಿಸ್ತೆ ಸಿಕ್ಕಿಬೀಳುತ್ತಾನೆ. ಅವನನ್ನು ಭಾರಿ ಬೀಸುವ ಕಲ್ಲಿಗೆ ಸರಪಳಿಯಿಂದ ಕಟ್ಟುತ್ತಾರೆ. ಗಾಣದ ಎತ್ತಿನಂತೆ ಅವನು ವರ್ಷಗಟ್ಟಲೆ ಸುತ್ತುತ್ತಲೇ ಇರುತ್ತಾನೆ. ಕಥೆಯ ಪ್ರಕಾರ ಹತ್ತು ವರ್ಷ. ಕೊನೆಗೊಂದು ದಿನ ಒಡೆಯ ಅವನನ್ನು ಹುಡುಕಿಕೊಂಡು ಬರುತ್ತಾನೆ. ಆ ಮುಖವನ್ನು ಗುರುತಿಸಿದ ಕ್ಷಣದಲ್ಲಿ ಮಚಿಸ್ತೆಯ ಮೈಯಲ್ಲಿ ಸಂತೋಷ ಉಕ್ಕುತ್ತದೆ, ಆ ಸಂತೋಷದ ಬಲದಿಂದಲೇ ಸರಪಳಿ ಕಿತ್ತುಬರುತ್ತದೆ. ಇಷ್ಟು ವರ್ಷ ಕಿತ್ತುಬಾರದ ಸರಪಳಿ ಈಗ ಹೇಗೆ ಕಿತ್ತುಬಂತು ಎಂದು ನೋಡುವವರು ಕೇಳುವುದಿಲ್ಲ. ಕೇಳದಂತೆ ಮಾಡಿದವನು ಪಗಾನೊ. ಇದನ್ನು ನಟನೆ ಎನ್ನದೆ ಬೇರೇನೆನ್ನಲು ಸಾಧ್ಯ?

ತಾಂತ್ರಿಕವಾದ ಒಂದು ಮಾತನ್ನೂ ಇಲ್ಲಿ ಹೇಳಬೇಕು. ಅಂದಿನ ಚಿತ್ರಗಳಲ್ಲಿ ಕ್ಯಾಮೆರಾ ಬಹುಪಾಲು ಒಂದೇ ಕಡೆ ನಿಂತಿರುತ್ತಿತ್ತು. ನಾಟಕದ ಮುಂದಿನ ಸಾಲಿನಲ್ಲಿ ಕುಳಿತವರಿಗೆ ಕಾಣುವಷ್ಟು ಕಾಣುತ್ತಿತ್ತು. ಪಸ್ತ್ರೋನೆ ಕ್ಯಾಮೆರಾವನ್ನು ಗಾಲಿಗಳ ಮೇಲಿಟ್ಟು ನಿಧಾನವಾಗಿ ದೃಶ್ಯದ ಒಳಕ್ಕೆ ಸರಿಸುವ ಟ್ರಾಲಿಯನ್ನು ರೂಪಿಸಿ, ಅದಕ್ಕೆ ಪೇಟೆಂಟನ್ನೂ ಪಡೆದಿದ್ದರು. ಸ್ಪೇನಿನ ಸೆಗುಂದೊ ದೆ ಶೊಮೊನ್ ಅವರಂಥ ಪಳಗಿದ ಛಾಯಾಗ್ರಾಹಕರು ಜೊತೆಗಿದ್ದರು. ಕ್ಯಾಮೆರಾ ಹೀಗೆ ಹತ್ತಿರ ಬರುವುದರಿಂದ ನಟನಿಗೆ ಆಗುವ ಲಾಭವೇನು? ಕೂಗಿ ಹೇಳುವಂತೆ ಕೈಬೀಸುವ ಅಗತ್ಯ ತಪ್ಪುತ್ತದೆ. ನಗು ನಗುವಾಗಿಯೇ, ಸುಸ್ತು ಸುಸ್ತಾಗಿಯೇ ತಲುಪುತ್ತದೆ. ರಂಗಭೂಮಿಯ ಅಭ್ಯಾಸವನ್ನು ಬಿಡಬೇಕಾದ ಕಷ್ಟ ಪಗಾನೊನಿಗೆ ಇರಲಿಲ್ಲ. ಏಕೆಂದರೆ ಆ ಅಭ್ಯಾಸವೇ ಅವನಿಗಿರಲಿಲ್ಲ.

ಈ ಪಾತ್ರದಲ್ಲಿ ಮನಸ್ಸಿಗೆ ಒಪ್ಪದ ಸಂಗತಿಯೊಂದಿದೆ, ಅದನ್ನು ಮುಚ್ಚಿಡಬಾರದು. ‘ಕಬೀರಿಯಾ’ದಲ್ಲಿ ಪಗಾನೊನ ಮೈಗೆಲ್ಲ ಕಪ್ಪು ಬಣ್ಣ ಬಳಿದಿದ್ದಾರೆ. ಮಚಿಸ್ತೆ ಒಡೆಯನಿಗಾಗಿ ಜೀವ ಕೊಡಲೂ ಸಿದ್ಧನಾದ ಕಪ್ಪು ಗುಲಾಮ. ಚಿತ್ರ ಬರುವುದಕ್ಕೆ ಎರಡೇ ವರ್ಷ ಮೊದಲು, 1911-12ರ ಯುದ್ಧದಲ್ಲಿ, ಇಟಲಿ ತುರ್ಕರಿಂದ ಲಿಬಿಯಾವನ್ನು ಕಿತ್ತುಕೊಂಡಿತ್ತು. ಆಫ್ರಿಕಾದ ಕಾರ್ಥೇಜನ್ನು ರೋಮ್ ಗೆಲ್ಲುವ ಕಥೆ ಆ ಹೊತ್ತಿನಲ್ಲಿ ಏನನ್ನು ಹೊಗಳುತ್ತಿತ್ತು ಎಂಬುದು ಅಂದಿನ ಪ್ರೇಕ್ಷಕರಿಗೆ ತಿಳಿಯದ್ದಲ್ಲ. ಆ ಚಿತ್ರದ ಸೊಬಗನ್ನು ಮೆಚ್ಚುವಾಗ ಇದನ್ನೂ ನೆನಪಿಟ್ಟುಕೊಂಡೇ ಮೆಚ್ಚಬೇಕು.

ಮುಂದೆ ನಡೆದದ್ದು ಇನ್ನೂ ವಿಚಿತ್ರ. 1915ರಲ್ಲಿ ಇತಾಲಾ ಫಿಲ್ಮ್ ‘ಮಚಿಸ್ತೆ’ ಎಂಬ ಹೆಸರಿನ ಚಿತ್ರವನ್ನೇ ತೆಗೆಯಿತು. ಅದರಲ್ಲಿ ದುಷ್ಟರಿಂದ ತಪ್ಪಿಸಿಕೊಂಡು ಓಡುವ ಯುವತಿಯೊಬ್ಬಳು ಒಂದು ಚಿತ್ರಮಂದಿರದೊಳಕ್ಕೆ ನುಗ್ಗುತ್ತಾಳೆ. ಅಲ್ಲಿ ತೆರೆಯ ಮೇಲೆ ಓಡುತ್ತಿರುವುದು ‘ಕಬೀರಿಯಾ’! ಮಚಿಸ್ತೆಯ ಸಾಹಸ ನೋಡಿದ ಅವಳು, ಇವನೇ ನನ್ನನ್ನು ಕಾಪಾಡಬಲ್ಲವನು ಎಂದು ತೀರ್ಮಾನಿಸಿ, ಟ್ಯೂರಿನ್‌ನ ಸ್ಟುಡಿಯೊಗೆ ಕಾಗದ ಬರೆಯುತ್ತಾಳೆ. ಸ್ಟುಡಿಯೊದಲ್ಲಿ ಅವಳಿಗೆ ಸಿಗುವವನು ಸೂಟು ತೊಟ್ಟ, ಬಿಳಿಯ ಮೈಬಣ್ಣದ, ನಗುಮುಖದ ಇಟಲಿಯವನು. ಅವನ ಹೆಸರೂ ಮಚಿಸ್ತೆಯೇ. ಪುರಾತನ ಕಾಲದ ಗುಲಾಮ ಇದ್ದಕ್ಕಿದ್ದಂತೆ ಇಪ್ಪತ್ತನೆಯ ಶತಮಾನದ ಚಿತ್ರನಟನಾಗಿಬಿಟ್ಟ. ಪಾತ್ರ ಮತ್ತು ನಟ ಇಬ್ಬರೂ ಬೆರೆತು ಒಂದಾದರು. ಅಂದಿನಿಂದ ಪ್ರಚಾರದಲ್ಲಿ, ಪತ್ರಿಕೆಗಳಲ್ಲಿ, ಜನರ ಬಾಯಲ್ಲಿ ಅವನು ಮಚಿಸ್ತೆ ಮಾತ್ರ. ತಂದೆತಾಯಿ ಇಟ್ಟ ಹೆಸರು ಹಿಂದೆ ಸರಿಯಿತು.

ಈ ಎರಡನೆಯ ಮಚಿಸ್ತೆಯಲ್ಲಿ ಹಾಸ್ಯವೂ ಸೇರಿಕೊಂಡಿತು. ಇತಾಲಾ ಫಿಲ್ಮ್‌ಗೆ ಹಾಸ್ಯ ಹೊಸದಲ್ಲ. ಫ್ರಾನ್ಸಿನಿಂದ ಬಂದ ಆಂದ್ರೆ ದೀದ್ ಎಂಬ ವಿದೂಷಕ ‘ಕ್ರೆತಿನೆತ್ತಿ’ ಎಂಬ ಹೆಸರಿನಲ್ಲಿ ಅಲ್ಲಿ ನೂರಾರು ಪೆಟ್ಟು ತಿಂದು, ಪೀಠೋಪಕರಣ ಮುರಿದು, ಜನರನ್ನು ನಗಿಸಿದ್ದ. ಅದೇ ಅಂಗಳದಲ್ಲಿ ಬೆಳೆದ ಮಚಿಸ್ತೆ ಖಳರನ್ನು ಹೊಡೆಯುವಾಗಲೂ ದ್ವೇಷದಿಂದ ಹೊಡೆಯುವುದಿಲ್ಲ. ಒಬ್ಬನನ್ನು ಕಂಕುಳಲ್ಲಿ ಇರುಕಿಕೊಂಡು, ಇನ್ನೊಬ್ಬನನ್ನು ಕಾಲರು ಹಿಡಿದು ಎತ್ತಿಕೊಂಡು, ಸಾಮಾನು ಸಾಗಿಸುವವನ ಹಾಗೆ ನಡೆಯುತ್ತಾನೆ. ಇದೇ ಸ್ಟುಡಿಯೊದಲ್ಲಿ, ಇದೇ ಪಸ್ತ್ರೋನೆ, ಇದೇ ವರ್ಷಗಳಲ್ಲಿ ಪೀನಾ ಮೆನಿಕೆಲ್ಲಿಯ ‘ಇಲ್ ಫುವೋಕೊ’ ಚಿತ್ರವನ್ನೂ ತೆಗೆಯುತ್ತಿದ್ದರು. ಲೀದಾ ಬೊರೆಲ್ಲಿ, ಫ್ರಾಂಚೆಸ್ಕಾ ಬೆರ್ತೀನಿ, ಮೆನಿಕೆಲ್ಲಿ ಮುಂತಾದ ತಾರೆಯರು ತೆರೆಯ ಮೇಲೆ ಪ್ರೇಮದಲ್ಲಿ ಬೆಂದು ನರಳುತ್ತಿದ್ದ ಕಾಲ ಅದು. ಅವರ ಲೋಕ ಅರಮನೆ, ರೇಷ್ಮೆ, ವಿರಹ, ಸಾವು. ಮಚಿಸ್ತೆಯ ಲೋಕದಲ್ಲಿ ಸಾವು ದೂರ, ಊಟ ಮತ್ತು ನಗು ಹತ್ತಿರ. ಕೂಲಿಯವರು, ಮಕ್ಕಳು, ಸೈನಿಕರು ಅವನನ್ನು ತಮ್ಮವನೆಂದು ಭಾವಿಸಿದ್ದರಲ್ಲಿ ಆಶ್ಚರ್ಯವಿಲ್ಲ.

1915ರ ಮೇ ತಿಂಗಳಲ್ಲಿ ಇಟಲಿ ಮೊದಲ ಮಹಾಯುದ್ಧಕ್ಕೆ ಇಳಿಯಿತು. ಮರುವರ್ಷವೇ ‘ಮಚಿಸ್ತೆ ಅಲ್ಪೀನೊ’ ಬಂತು. ಗಡಿಯಾಚೆ ಆಸ್ಟ್ರಿಯಾದ ನೆಲದಲ್ಲಿ ಚಿತ್ರೀಕರಣ ನಡೆಸುತ್ತಿರುವ ತಂಡವೊಂದು ಯುದ್ಧ ಘೋಷಣೆಯಾದಾಗ ಅಲ್ಲೇ ಸಿಕ್ಕಿಬೀಳುತ್ತದೆ. ಅದರಲ್ಲಿ ಮಚಿಸ್ತೆಯೂ ಇದ್ದಾನೆ. ತಪ್ಪಿಸಿಕೊಂಡು ಬಂದು ಅವನು ಪರ್ವತ ಪಡೆಗೆ ಸೇರುತ್ತಾನೆ. ಹಿಮದ ಇಳಿಜಾರು, ಹಗ್ಗ, ಬಂಡೆಗಳ ನಡುವೆ ತೆಗೆದ ದೃಶ್ಯಗಳು ಇಂದಿಗೂ ಮೈನವಿರೇಳಿಸುತ್ತವೆ. ಆದರೆ ಅದು ಯುದ್ಧಕ್ಕೆ ಜನರನ್ನು ಹುರಿದುಂಬಿಸಲು ತೆಗೆದ ಚಿತ್ರ. ಆಲ್ಪ್ಸ್ ಬೆಟ್ಟಗಳಲ್ಲಿ ನಿಜವಾದ ಸೈನಿಕರು ಚಳಿಗೂ ಗುಂಡಿಗೂ ಸಾಯುತ್ತಿದ್ದಾಗ, ತೆರೆಯ ಮೇಲೆ ಯುದ್ಧ ಗುದ್ದಾಟದ ಆಟದಂತೆ ಕಂಡಿತು. ಆ ಚಿತ್ರದ ಚೆಲುವೂ ಈ ಸುಳ್ಳೂ ಒಂದನ್ನೊಂದು ಬಿಟ್ಟಿಲ್ಲ. ಅಮೆರಿಕದಲ್ಲಿ ಅದು ‘ದಿ ವಾರಿಯರ್’ ಎಂಬ ಹೆಸರಿನಲ್ಲಿ ಬಿಡುಗಡೆಯಾಯಿತು.

ಮೂಕಿ ಚಿತ್ರಕ್ಕೆ ದೇಶ ದಾಟುವುದು ಸುಲಭವಾಗಿತ್ತು. ನಡುವಿನ ಬರಹದ ಫಲಕಗಳನ್ನು ಬದಲಿಸಿದರೆ ಸಾಕು, ಅದೇ ಚಿತ್ರ ಇಂಗ್ಲಿಷಿನದೋ ಜರ್ಮನ್ನಿನದೋ ಆಗುತ್ತಿತ್ತು. ಎಲ್ಲವನ್ನೂ ಮೈಯಿಂದಲೇ ಹೇಳುವ ಪಗಾನೊನಂಥವನಿಗೆ ಇದಕ್ಕಿಂತ ಅನುಕೂಲ ಬೇಕೆ? ಮುಂದೆ ಪೊಲೀಸನಾಗಿ, ಕ್ರೀಡಾಪಟುವಾಗಿ, ಪ್ರೇಮಿಯಾಗಿ, ರಜೆಯ ಮೇಲೆ ಹೋದವನಾಗಿ ಮಚಿಸ್ತೆ ಚಿತ್ರದ ಮೇಲೆ ಚಿತ್ರದಲ್ಲಿ ಬಂದ. ಅವನನ್ನು ನೋಡಿ ಬೇರೆ ಕಂಪನಿಗಳೂ ಬಲಶಾಲಿಗಳನ್ನು ಹುಡುಕಿದವು. ಲುಚಿಯಾನೊ ಅಲ್ಬೆರ್ತೀನಿ ‘ಸನ್ಸೋನೆ’ಯಾದ, ದೊಮೆನಿಕೊ ಗಂಬೀನೊ ‘ಸಯೆತ್ತಾ’ ಆದ, ಕಾರ್ಲೊ ಅಲ್ದೀನಿ ‘ಅಯಾಕ್ಸ್’ ಆದ. ಇವರಲ್ಲಿ ಕೆಲವರು ಪಗಾನೊಗಿಂತ ಚುರುಕು. ಸರ್ಕಸ್ಸಿನಲ್ಲಿ ಪಳಗಿದವರ ಹಾಗೆ ಜಿಗಿಯುತ್ತಿದ್ದರು. ಅವನ ಸಹಜತೆ ಮಾತ್ರ ಅವರಿಗೆ ಒಲಿಯಲಿಲ್ಲ.

ಯುದ್ಧ ಮುಗಿದ ಮೇಲೆ ಇಟಲಿಯ ಚಿತ್ರೋದ್ಯಮ ಕುಸಿಯಿತು. ದೊಡ್ಡ ಕಂಪನಿಗಳೆಲ್ಲ 1919ರಲ್ಲಿ ಒಂದು ಒಕ್ಕೂಟ ಕಟ್ಟಿಕೊಂಡವು, ಅದೂ ಉಳಿಯಲಿಲ್ಲ. ಅಮೆರಿಕದ ಚಿತ್ರಗಳು ಹೊಳೆಯಾಗಿ ಹರಿದು ಬಂದವು. ಕೆಲಸವಿಲ್ಲದ ನಟರು, ತಂತ್ರಜ್ಞರು ಜರ್ಮನಿಯ ದಾರಿ ಹಿಡಿದರು. ಪಗಾನೊ ಕೂಡ 1922-23ರ ಸುಮಾರಿಗೆ ಅಲ್ಲಿ ಕೆಲವು ಮಚಿಸ್ತೆ ಚಿತ್ರಗಳನ್ನು ಮಾಡಿದ. ಅವುಗಳ ಬಗ್ಗೆ ಹೆಚ್ಚು ಹೇಳುವಂಥದ್ದಿಲ್ಲ. ಸ್ತೆಫಾನೊ ಪಿತ್ತಲೂಗಾ ಎಂಬ ಉದ್ಯಮಿ ಟ್ಯೂರಿನ್‌ನಲ್ಲಿ ಮತ್ತೆ ಚಿತ್ರ ತೆಗೆಯತೊಡಗಿದಾಗ ಅವನು ಊರಿಗೆ ಮರಳಿದ. ಗ್ವಿದೊ ಬ್ರಿಞೋನೆ ನಿರ್ದೇಶನದಲ್ಲಿ ಅವನ ಎರಡನೆಯ ಒಳ್ಳೆಯ ಕಾಲ ಶುರುವಾಯಿತು.

ಆ ಹೊತ್ತಿಗೆ ಇಟಲಿ ಬದಲಾಗಿತ್ತು. 1922ರ ಅಕ್ಟೋಬರಿನಲ್ಲಿ ಮುಸ್ಸೊಲಿನಿ ಅಧಿಕಾರಕ್ಕೆ ಬಂದಿದ್ದ. ಎದೆಯುಬ್ಬಿಸಿ, ಸೊಂಟದ ಮೇಲೆ ಕೈಯಿಟ್ಟು ನಿಲ್ಲುವ ಆ ಭಂಗಿಯನ್ನು ಮುಸ್ಸೊಲಿನಿಗಿಂತ ಮೊದಲೇ ಜನ ಮಚಿಸ್ತೆಯಲ್ಲಿ ಕಂಡಿದ್ದರು ಎಂದು ಹಲವು ಚಿತ್ರ ಇತಿಹಾಸಕಾರರು ಬರೆದಿದ್ದಾರೆ. ಸರ್ವಾಧಿಕಾರಿ ನಟನನ್ನು ನೋಡಿ ಕಲಿತ ಎಂದು ಹೇಳಲು ನಾನು ಸಿದ್ಧನಿಲ್ಲ. ಆದರೆ ಒಬ್ಬ ಬಲಶಾಲಿ ಬಂದು ಎಲ್ಲವನ್ನೂ ಸರಿಮಾಡುತ್ತಾನೆ ಎಂಬ ಕಥೆಯನ್ನು ಒಂದು ದೇಶ ಹತ್ತು ವರ್ಷ ಪ್ರೀತಿಯಿಂದ ನೋಡಿತ್ತು ಎಂಬುದು ನಿಜ. 1924ರ ‘ಮಚಿಸ್ತೆ ಇಂಪೆರತೋರೆ’ಯಲ್ಲಂತೂ ಅವನು ಒಂದು ಕಲ್ಪಿತ ರಾಜ್ಯಕ್ಕೆ ಹೋಗಿ ಚಕ್ರವರ್ತಿಯೇ ಆಗುತ್ತಾನೆ.

ಈ ಕೊನೆಯ ಕಾಲದ ಚಿತ್ರಗಳಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ‘ಮಚಿಸ್ತೆ ನರಕದಲ್ಲಿ’. ಬಿಡುಗಡೆಯಾದದ್ದು 1926ರಲ್ಲಿ. ಸೈತಾನರು ಒಳ್ಳೆಯವನಾದ ಮಚಿಸ್ತೆಯನ್ನು ನರಕಕ್ಕೆ ಎಳೆದುಕೊಂಡು ಹೋಗುತ್ತಾರೆ. ಬದುಕಿರುವ ಮನುಷ್ಯ ಅಲ್ಲಿ ಮೂರು ದಿನ ಮಾತ್ರ ಇರಬಹುದು. ಅಷ್ಟರಲ್ಲಿ ಯಾವಳಾದರೂ ಸೈತಾನಿ ಮುತ್ತಿಟ್ಟರೆ ಅಲ್ಲೇ ಶಾಶ್ವತ. ನರಕದ ರಾಣಿ ಪ್ರೊಸೆರ್ಪಿನಾ ಮುತ್ತಿಟ್ಟೇಬಿಡುತ್ತಾಳೆ. ಮಚಿಸ್ತೆಗೆ ಕೊಂಬು ಮೂಡುತ್ತದೆ, ಮೈತುಂಬ ಕೂದಲು ಬೆಳೆಯುತ್ತದೆ. ಅಷ್ಟಾದರೂ ಅವನು ನರಕದಲ್ಲೆದ್ದ ದಂಗೆಯನ್ನು ತನ್ನೆರಡು ಕೈಗಳಿಂದ ಅಡಗಿಸುತ್ತಾನೆ. ಕ್ರಿಸ್‌ಮಸ್ ರಾತ್ರಿ ಒಂದು ಮಗುವಿನ ಪ್ರಾರ್ಥನೆ ಅವನನ್ನು ಬಿಡಿಸುತ್ತದೆ. ಇದರ ಚಮತ್ಕಾರದ ದೃಶ್ಯಗಳಲ್ಲೂ ದೆ ಶೊಮೊನ್ ಅವರ ಕೈಯಿದೆ. ರೀಮಿನಿ ಎಂಬ ಊರಿನ ಒಬ್ಬ ಪುಟ್ಟ ಹುಡುಗ ತಂದೆಯ ತೋಳಿನಲ್ಲಿ ಕುಳಿತು ಈ ಚಿತ್ರ ನೋಡಿದ. ತನ್ನ ಮೊದಲ ಸಿನಿಮಾ ನೆನಪು ಇದೇ ಎಂದು ಅವನು ದೊಡ್ಡವನಾದ ಮೇಲೆ ಮತ್ತೆ ಮತ್ತೆ ಹೇಳಿದ. ಆ ಹುಡುಗ ಫೆದೆರಿಕೊ ಫೆಲ್ಲಿನಿ. 1957ರಲ್ಲಿ ಅವರು ತಮ್ಮ ಒಬ್ಬ ನಾಯಕಿಗೆ ಕಬೀರಿಯಾ ಎಂದೇ ಹೆಸರಿಟ್ಟರು.

ಪಗಾನೊನಿಗೆ ಮಚಿಸ್ತೆಯ ವೇಷ ಕಳಚಿ ನಟಿಸಲು ಸಿಕ್ಕ ಅವಕಾಶ ಕಡಿಮೆ. 1920ರ ದಶಕ ಮುಗಿಯುವ ಹೊತ್ತಿಗೆ ‘ಜುದಿತ್ತಾ ಮತ್ತು ಒಲೊಫೆರ್ನೆ’ಯಲ್ಲಿ ಬೈಬಲಿನ ಕ್ರೂರ ದಂಡನಾಯಕನ ಪಾತ್ರ ಮಾಡಿದ. ಅಲ್ಲಿಗೆ ಮುಗಿಯಿತು. ಆರೋಗ್ಯ ಕೆಟ್ಟಿತ್ತು, ವಯಸ್ಸು ಐವತ್ತಾಗಿತ್ತು. 1930ರಲ್ಲಿ ಇಟಲಿಯ ಮೊದಲ ಮಾತಿನ ಚಿತ್ರ ಬಿಡುಗಡೆಯಾದಾಗ ಅವನು ಸಾಂತಿಲಾರಿಯೊಗೆ ಮರಳಿಯಾಗಿತ್ತು. ಅಲ್ಲಿ ಕಟ್ಟಿಸಿದ ಮನೆಗೂ ಮಚಿಸ್ತೆಯದೇ ಹೆಸರು. ಅವನ ಧ್ವನಿ ಹೇಗಿತ್ತೆಂದು ಪ್ರೇಕ್ಷಕರಿಗೆ ತಿಳಿಯಲೇ ಇಲ್ಲ. 1947ರ ಜೂನ್ 24ರಂದು ಹುಟ್ಟೂರಿನಲ್ಲೇ ತೀರಿಕೊಂಡ.

ಹೆಸರು ಅವನ ನಂತರವೂ ದುಡಿಯಿತು. 1960ರಿಂದ ಆರೇ ವರ್ಷಗಳಲ್ಲಿ ಇಪ್ಪತ್ತಕ್ಕೂ ಹೆಚ್ಚು ಬಣ್ಣದ ಮಚಿಸ್ತೆ ಚಿತ್ರಗಳು ಇಟಲಿಯಲ್ಲಿ ತಯಾರಾದವು. ಅಮೆರಿಕದಿಂದ ಬಂದ ದೇಹದಾರ್ಢ್ಯ ಪಟುಗಳು ಎಣ್ಣೆ ಹಚ್ಚಿದ ಮೈಯಲ್ಲಿ ಆ ಪಾತ್ರ ಮಾಡಿದರು. ಇಂಗ್ಲಿಷಿಗೆ ಹೋದಾಗ ಮಚಿಸ್ತೆಯನ್ನು ಎಷ್ಟೋ ಸಲ ಹರ್ಕ್ಯುಲಿಸ್, ಸ್ಯಾಮ್ಸನ್ ಎಂದು ಬದಲಿಸಿಬಿಟ್ಟರು. ಅವರ ಸ್ನಾಯುಗಳು ಪಗಾನೊನವಕ್ಕಿಂತ ಹುರಿಗಟ್ಟಿದ್ದವು, ನಿಜ. ಒಂದು ಮೂಟೆಯನ್ನು ಹೆಗಲಿಗೇರಿಸಿಕೊಂಡು ನಾಲ್ಕು ಹೆಜ್ಜೆ ನಡೆದರೆ ಯಾರು ಯಾರೆಂದು ಗೊತ್ತಾಗುತ್ತಿತ್ತು.

ಟ್ಯೂರಿನ್ ಸಂಗ್ರಹಾಲಯದವರು ‘ಕಬೀರಿಯಾ’ವನ್ನು 2006ರಲ್ಲಿ ಪುನರುಜ್ಜೀವನಗೊಳಿಸಿದರು. ಮಚಿಸ್ತೆಯ ಇನ್ನೂ ಕೆಲವು ಚಿತ್ರಗಳು ಹೀಗೆಯೇ ಮರುಜೀವ ಪಡೆದಿವೆ. ‘ಕಬೀರಿಯಾ’ ದೀರ್ಘವಾದ ಚಿತ್ರ. ಇಡಿಯಾಗಿ ನೋಡಲು ಒಂದು ರಜಾದಿನದ ಮಧ್ಯಾಹ್ನವನ್ನೇ ಎತ್ತಿಡಬೇಕು. ಅಷ್ಟು ಬಿಡುವಿಲ್ಲದವರು ಗುಡಿಯ ಭಾಗವನ್ನೂ ಬೀಸುವ ಕಲ್ಲಿನ ಭಾಗವನ್ನೂ ಹುಡುಕಿ ನೋಡಿ. ಬಿಡುವಿದ್ದವರು ಕೊನೆಯವರೆಗೂ ಕುಳಿತಿರಿ. ಯುದ್ಧವೆಲ್ಲ ಮುಗಿದು ಹಡಗು ರೋಮಿನ ಕಡೆಗೆ ಹೊರಟಾಗ, ಪ್ರೇಮಿಗಳಾದ ಫುಲ್ವಿಯೊನನ್ನೂ ಬೆಳೆದು ನಿಂತ ಕಬೀರಿಯಾಳನ್ನೂ ಅವರ ಪಾಡಿಗೆ ಬಿಟ್ಟು, ಮಚಿಸ್ತೆ ಪಕ್ಕದಲ್ಲಿ ಕುಳಿತು ಕೊಳಲು ಊದುತ್ತಾನೆ. ಅಷ್ಟು ದಪ್ಪ ಬೆರಳುಗಳು ಅಷ್ಟು ಸಣ್ಣ ವಾದ್ಯವನ್ನು ಹೇಗೆ ಹಿಡಿದಿವೆ ಎಂಬುದನ್ನು ಗಮನಿಸಿ.